ತಂತಿಯ ಸೇವಂತಿಗೆಯೂ ನಮ್ಮ ಚಹದ ಜಾಲರಿಯೂ

ಕಳೆದ ವರ್ಷ ನಮ್ಮ ಕಾಲೇಜಿನ ಚರ್ಚಾಕೂಟದಲ್ಲಿ 'ಯಂತ್ರವು ಮಾನವನಿಗೆ ವರವೋ ಶಾಪವೋ' ಎಂಬ ವಿಷಯ ಬಂದಾಗ ನಾನು ಯಂತ್ರದ ಪಕ್ಷ ವಹಿಸಿ ಮಾತನಾಡಿದ್ದೆ. ಎದುರುಪಕ್ಷದ ಮಿತ್ರರು ಚರಕದ ಮಹಿಮೆಯನ್ನು ಹಾಡಿ ಹೊಗಳಿದರು. "ಆ ಹೊಗಳಿಕೆ ಕೊನೆಯ ಬೆಂಚಿನವರೆಗೆ ಕೇಳಿಸಿದ್ದು ಧ್ವನಿವರ್ಧಕದಿಂದ, ಧ್ವನಿವರ್ಧಕವನ್ನು ಯಾರೂ ಮನೆಯಲ್ಲಿ ನೂತದ್ದಲ್ಲ" ಎಂದು ನಾನು ಉತ್ತರ ಕೊಟ್ಟೆ. ಚಪ್ಪಾಳೆ ಬಿತ್ತು, ಎರಡನೆಯ ಬಹುಮಾನವೂ ಬಂದಿತು. ಬಹುಮಾನವನ್ನು ಹಿಂದಿರುಗಿಸುವ ಉದ್ದೇಶ ನನಗಿಲ್ಲ. ಆದರೆ ಅಂದು ಎರಡು ಪಕ್ಷದವರೂ ಆಡಿದ್ದು ಬಹಳ ಸುಲಭದ ಮಾತೆಂದು ಈಗ ನನಗೆ ತೋರುತ್ತಿದೆ. ಅವರು ಕೈಯನ್ನು ಪೂಜಿಸಿದರು, ನಾವು ಯಂತ್ರವನ್ನು ಪೂಜಿಸಿದೆವು. ಕೈ ಮಾಡುವ ಕೆಲಸವನ್ನಾಗಲಿ ಯಂತ್ರ ಮಾಡುವ ಕೆಲಸವನ್ನಾಗಲಿ ಹತ್ತಿರ ಹೋಗಿ ನೋಡಿದವರು ನಮ್ಮಲ್ಲಿ ಒಬ್ಬರೂ ಇರಲಿಲ್ಲ.

ಈ ವಿಚಾರ ನನಗೆ ಹೊಳೆದದ್ದು ಚರ್ಚಾಕೂಟ ಮುಗಿದು ಕೆಲವು ತಿಂಗಳಾದ ಮೇಲೆ. ನಮ್ಮ ಚರಿತ್ರೆಯ ಅಧ್ಯಾಪಕರು ಜಪಾನಿನ ಕ್ಯೋಟೋ ನಗರದ ಕೈಕಸಬುಗಳನ್ನು ಕುರಿತ ಒಂದು ಚಿಕ್ಕ ಚಲನಚಿತ್ರವನ್ನು ತರಗತಿಯಲ್ಲಿ ತೋರಿಸಿದರು. ರೇಷ್ಮೆ ನೇಯುವವರು, ಬೀಸಣಿಗೆ ಮಾಡುವವರು, ಅರಗಿನ ಕೆಲಸದವರು ಒಬ್ಬೊಬ್ಬರಾಗಿ ಬಂದು ಹೋದರು. ನಡುವೆ ಎರಡೇ ನಿಮಿಷ ಒಬ್ಬರು ತಾಮ್ರದ ತಂತಿಗಳನ್ನು ಬೆರಳುಗಳಿಂದ ತಿರುಚುತ್ತ ಕುಳಿತಿದ್ದರು. ಕೈಯಲ್ಲಿ ಇಕ್ಕಳವೂ ಇರಲಿಲ್ಲ. ನೋಡುನೋಡುತ್ತ ತಂತಿಯಲ್ಲಿ ಒಂದು ಹೂವು ಅರಳಿತು. ಅದು ಏನೆಂದು ಕೇಳಿದರೆ, ಅಡಿಗೆಮನೆಯ ಜಾಲರಿ ಸೌಟು! ಅಂದಿನಿಂದ ಆ ಕಸಬಿನ ವಿಷಯವಾಗಿ ಸಿಕ್ಕಿದ್ದನ್ನೆಲ್ಲ ಓದಿದ್ದೇನೆ. ಓದಿದ್ದರಿಂದ ಹುಟ್ಟಿದ ಅಭಿಪ್ರಾಯವನ್ನು ಸಹಪಾಠಿಗಳ ಮತ್ತು ಅಧ್ಯಾಪಕರ ಮುಂದೆ ಇಡುವುದಕ್ಕಾಗಿ ಈ ಲೇಖನ.

ಆ ಕಸಬಿಗೆ ಜಪಾನಿ ಭಾಷೆಯಲ್ಲಿ 'ಕನ-ಅಮಿ' ಎಂದು ಹೆಸರು. ಕನ ಎಂದರೆ ಲೋಹ, ಅಮಿ ಎಂದರೆ ಬಲೆ. ಕ್ಯೋಟೋ ನಗರದ್ದಾದ್ದರಿಂದ 'ಕ್ಯೋ-ಕನಅಮಿ' ಎನ್ನುತ್ತಾರೆ. ಕ್ಯೋಟೋ ೭೯೪ರಲ್ಲಿ ರಾಜಧಾನಿಯಾಯಿತು. ಹತ್ತೊಂಬತ್ತನೆಯ ಶತಮಾನದಲ್ಲಿ ಚಕ್ರವರ್ತಿ ಟೋಕಿಯೋಗೆ ಹೋಗುವವರೆಗೂ ಅರಮನೆ ಅಲ್ಲಿಯೇ ಇತ್ತು. ಈ ಕಸಬು ಹೆಯಾನ್ ಯುಗದಿಂದ, ಎಂದರೆ ಸುಮಾರು ಸಾವಿರ ವರ್ಷಗಳಿಂದ ನಡೆದುಬಂದದ್ದೆಂದು ಕಸಬಿನವರು ಹೇಳುತ್ತಾರೆ. ಸಾವಿರ ವರ್ಷ ಎಂದೊಡನೆ ನಮ್ಮ ಕಣ್ಣ ಮುಂದೆ ಕಿರೀಟ, ಕತ್ತಿ, ವಿಗ್ರಹಗಳು ನಿಲ್ಲುತ್ತವೆ. ಇಲ್ಲಿ ಅಂಥದೇನೂ ಇಲ್ಲ. ಚಹ ಸೋಸುವ ಜಾಲರಿ, ಅಕ್ಕಿಯ ಕಡುಬು ಸುಡುವ ಬಲೆ, ಬುಟ್ಟಿ, ತೋಫುವನ್ನು ಎತ್ತುವ ಸೌಟು, ಇಷ್ಟೇ ಅದರ ಐಶ್ವರ್ಯ.

ತೋಫುವಿನ ವಿಷಯ ಸ್ವಲ್ಪ ಹೇಳಬೇಕು; ಅದಿಲ್ಲದೆ ಆ ಸೌಟು ಅರ್ಥವಾಗುವುದಿಲ್ಲ. ತೋಫು ಎಂಬುದು ಸೋಯಾ ಅವರೆಯ ಹಾಲನ್ನು ಹೆಪ್ಪುಗಟ್ಟಿಸಿ ಮಾಡಿದ, ನಮ್ಮ ಗಿಣ್ಣನ್ನು ಹೋಲುವ ಒಂದು ಪದಾರ್ಥ. ಕ್ಯೋಟೋದಲ್ಲಿ ಬೌದ್ಧ ವಿಹಾರಗಳು ಹೆಚ್ಚು. ಭಿಕ್ಷುಗಳ ಊಟದಲ್ಲಿ ಮಾಂಸವಿಲ್ಲದಿರುವುದರಿಂದ ತೋಫುವಿಗೆ ಅಲ್ಲಿ ವಿಶೇಷ ಮರ್ಯಾದೆ. ನಾನ್‌ಜೆನ್‌ಜಿ ಎಂಬ ವಿಹಾರದ ಸುತ್ತಮುತ್ತ ಇಂದಿಗೂ 'ಯುದೋಫು' ಬಡಿಸುವ ಭೋಜನಾಲಯಗಳಿವೆ. ಬಿಸಿನೀರಿನ ಪಾತ್ರೆಯಲ್ಲಿ ತೋಫುವಿನ ತುಂಡುಗಳು ತೇಲುತ್ತಿರುತ್ತವೆ. ಉಣ್ಣುವವರು ಒಂದೊಂದನ್ನು ಎತ್ತಿ ತಮ್ಮ ಬಟ್ಟಲಿಗೆ ಹಾಕಿಕೊಳ್ಳಬೇಕು. ಕಡ್ಡಿಯಿಂದ ಹಿಡಿದರೆ ತುಂಡು ಮುರಿಯುತ್ತದೆ. ಸಾಮಾನ್ಯ ಚಮಚದಿಂದ ಎತ್ತಿದರೆ ನೀರೂ ಜೊತೆಗೆ ಬಂದು ಬಟ್ಟಲಿನ ವ್ಯಂಜನವನ್ನು ತೆಳ್ಳಗೆ ಮಾಡುತ್ತದೆ. ಗಿಣ್ಣಿನಷ್ಟು ಮೆತ್ತಗಿರುವ ವಸ್ತುವನ್ನು ಗಾಯ ಮಾಡದೆ ಎತ್ತಬೇಕು, ನೀರನ್ನು ಪಾತ್ರೆಯಲ್ಲೇ ಬಿಟ್ಟು ಬರಬೇಕು. ತಂತಿಯ ಬಲೆಯ ಸೌಟು ಹುಟ್ಟಿದ್ದು ಈ ಎರಡು ಅವಶ್ಯಕತೆಗಳಿಂದ.

ಅದನ್ನು ಹೆಣೆಯುವುದರಲ್ಲಿ ಮುಖ್ಯವಾಗಿ ಎರಡು ವಿನ್ಯಾಸಗಳಿವೆ. ಒಂದರ ಹೆಸರು 'ಕಿಕ್ಕೋ', ಎಂದರೆ ಆಮೆಯ ಚಿಪ್ಪು. ಮರದ ದಿಂಡಿನಲ್ಲಿ ಸಾಲಾಗಿ ಹೊಡೆದ ಮೊಳೆಗಳಿಗೆ ತಂತಿಗಳನ್ನು ತೊಡಿಸಿ, ಅಕ್ಕಪಕ್ಕದ ಎರಡು ತಂತಿಗಳನ್ನು ಒಂದಕ್ಕೊಂದು ತಿರುಚುತ್ತಾರೆ. ತಿರುಚಿದ ಜೋಡಿ ಮುಂದಿನ ಸಾಲಿನಲ್ಲಿ ಬೇರೆಯಾಗುತ್ತದೆ. ಪ್ರತಿಯೊಂದು ತಂತಿಯೂ ಈ ಬಾರಿ ಆ ಕಡೆಯ ನೆರೆಯವನೊಡನೆ ಕೈ ಹಿಡಿಯುತ್ತದೆ. ಹೀಗೆ ಹಿಡಿಯುತ್ತ ಬಿಡುತ್ತ ಹೋದಂತೆ ಆರು ಮೂಲೆಯ ಕಣ್ಣುಗಳು ಬೀಳುತ್ತವೆ. ಕೇಳುವುದಕ್ಕೆ ಇದು ಬಹಳ ಸರಳ. ತೊಡಕಿರುವುದು ಸಮತೆಯಲ್ಲಿ. ಒಂದು ತಿರುಚಿಗೆ ಕೊಂಚ ಹೆಚ್ಚು ಬಲ ಬಿದ್ದರೆ ಆ ಕಣ್ಣು ಕಿರಿದಾಗುತ್ತದೆ, ಅದರ ನೆರೆಯದು ಓರೆಯಾಗುತ್ತದೆ, ನಾಲ್ಕು ಸಾಲು ಕೆಳಗೆ ಹೋಗುವಷ್ಟರಲ್ಲಿ ಇಡೀ ಬಲೆ ಸೊಟ್ಟಗಾಗುತ್ತದೆ. ಬಿಚ್ಚಿ ಮತ್ತೆ ಮಾಡೋಣವೆಂದರೆ ತಾಮ್ರ ಒಪ್ಪುವುದಿಲ್ಲ. ಬಾಗಿದ ಜಾಗದಲ್ಲಿ ತಾಮ್ರ ಗಡುಸಾಗುತ್ತದೆ ಎಂಬುದನ್ನು ನಮ್ಮ ಭೌತಶಾಸ್ತ್ರದ ಅಧ್ಯಾಪಕರು ನನಗಿಂತ ಚೆನ್ನಾಗಿ ವಿವರಿಸಬಲ್ಲರು. ನೂಲಿನ ತಪ್ಪನ್ನು ಬಿಚ್ಚಬಹುದು. ತಂತಿಯಲ್ಲಿ ಮಾಡಿದ ತಪ್ಪು ತಂತಿಗೆ ನೆನಪಿರುತ್ತದೆ. ಸ್ಟೇನ್‌ಲೆಸ್ ಸ್ಟೀಲ್ ತಂತಿಯಂತೂ ಇನ್ನೂ ಹಟಮಾರಿ. ಬಾಗಿಸಿದಷ್ಟೂ ಹಿಂದಕ್ಕೆ ಚಿಮ್ಮುತ್ತದೆ, ಬೆರಳು ನೋಯಿಸುತ್ತದೆ.

ಇನ್ನೊಂದು ವಿನ್ಯಾಸ 'ಕಿಕುದಾಷಿ', ಎಂದರೆ ಸೇವಂತಿಗೆಯನ್ನು ಹೊರಡಿಸುವುದು. ನಾನು ಚಲನಚಿತ್ರದಲ್ಲಿ ಕಂಡದ್ದು ಇದನ್ನೇ. ಇಲ್ಲಿ ಹೆಣಿಗೆ ಅಂಚಿನಿಂದ ಆರಂಭವಾಗುವುದಿಲ್ಲ. ನಟ್ಟನಡುವಿನ ಒಂದು ಬಿಂದುವಿನಿಂದ ಆರಂಭವಾಗಿ ಸುತ್ತಲೂ ಎಸಳೆಸಳಾಗಿ ಹೊರಗೆ ಹರಡುತ್ತದೆ. ಹೊರಗೆ ಹೋದಂತೆ ಸುತ್ತಳತೆ ಹೆಚ್ಚುವುದರಿಂದ ಕಣ್ಣುಗಳು ತಾವಾಗಿಯೇ ದೊಡ್ಡವಾಗುತ್ತವೆ. ಎಷ್ಟು ದೊಡ್ಡವಾಗಬೇಕೆಂಬುದನ್ನು ಬೆರಳು ನಿರ್ಧರಿಸಬೇಕು. ಆ ಸೌಟನ್ನು ದೀಪದ ಕೆಳಗೆ ಹಿಡಿದರೆ ಮೇಜಿನ ಮೇಲೆ ಸೇವಂತಿಗೆಯ ನೆರಳು ಬೀಳುತ್ತದೆ. ಯಾರೋ ಅಲಂಕಾರಕ್ಕೆಂದು ಮೇಲಿನಿಂದ ಅಂಟಿಸಿದ ಹೂವಲ್ಲ ಅದು. ದುಂಡಗಿನ ಬಲೆಯನ್ನು ನಡುವಿನಿಂದ ಹೆಣೆಯಹೊರಟರೆ ತಂತಿ ಹಿಡಿಯುವ ದಾರಿಯೇ ಅಂಥದು. ಅಂದಕ್ಕೂ ಉಪಯೋಗಕ್ಕೂ ಜಗಳವಿದೆಯೆಂದು ವಾದಿಸುವ ಮಿತ್ರರು ಆ ನೆರಳನ್ನು ಒಮ್ಮೆ ನೋಡಬೇಕು.

ಈಗ ಯಂತ್ರದ ಸರದಿ. ನನ್ನ ಹಳೆಯ ಪಕ್ಷಕ್ಕೆ ಅನ್ಯಾಯ ಮಾಡಲಾರೆ. ೧೮೪೪ರಲ್ಲಿ ಇಂಗ್ಲೆಂಡಿನ ನಾರ್ವಿಚ್ ಪಟ್ಟಣದ ಚಾರ್ಲ್ಸ್ ಬರ್ನಾರ್ಡ್ ಎಂಬಾತ ತಂತಿಯ ಬಲೆ ಹೆಣೆಯುವ ಯಂತ್ರವನ್ನು ನಿರ್ಮಿಸಿದ. ನಾರ್ವಿಚ್ ಉಣ್ಣೆಬಟ್ಟೆ ನೇಯ್ಗೆಗೆ ಹೆಸರಾದ ಊರು. ಮಗ್ಗವನ್ನು ನೋಡಿದ ಕಣ್ಣಿಗೆ ತಂತಿಯನ್ನೂ ಹಾಗೆಯೇ ಹೆಣೆಯಬಹುದೆಂದು ಹೊಳೆದುದು ಆಶ್ಚರ್ಯವಲ್ಲ. ಕೋಳಿಗೂಡಿಗೆ ಹೊಡೆಯುವ ಆರು ಮೂಲೆಯ ತಂತಿಬಲೆ ನಮಗೆಲ್ಲರಿಗೂ ಪರಿಚಿತವಷ್ಟೆ. ಅದು ಆ ಯಂತ್ರದ ಸಂತಾನ. ಅದಕ್ಕೂ ಕ್ಯೋಟೋದ ಆಮೆಚಿಪ್ಪಿಗೂ ತತ್ತ್ವ ಒಂದೇ: ಎರಡು ತಂತಿ ತಿರುಚಿ ಬಿಡು, ಆ ಕಡೆಯದನ್ನು ಹಿಡಿ. ಕ್ಯೋಟೋದ ಕುಶಲಿಗಳು ವರ್ಷಗಟ್ಟಲೆ ಕಲಿತು ಸಾಧಿಸುವ ಸಮತೆ ಯಂತ್ರಕ್ಕೆ ಮೊದಲ ದಿನದಿಂದಲೇ ಇರುತ್ತದೆ. ಹಾಗಾದರೆ ಕೈಗೆ ಉಳಿದದ್ದೇನು? ಸಮತೆಯೇ ಕುಶಲತೆಯ ಕೊನೆಯ ಮಾತಾಗಿದ್ದರೆ ಏನೂ ಉಳಿಯುತ್ತಿರಲಿಲ್ಲ; ನನ್ನ ಎರಡನೆಯ ಬಹುಮಾನ ಮೊದಲನೆಯದೇ ಆಗಬೇಕಾಗಿತ್ತು.

ಉತ್ತರ ನನಗೆ ಸಿಕ್ಕಿದ್ದು ಜಪಾನಿನಲ್ಲಿ ಅಲ್ಲ, ನಮ್ಮ ವಿದ್ಯಾರ್ಥಿನಿಲಯದ ಭೋಜನಶಾಲೆಯಲ್ಲಿ. ಅಲ್ಲಿಯ ಚಹ ಸೋಸುವ ಜಾಲರಿ ಆಗಾಗ್ಗೆ ಕೆಡುತ್ತದೆ ಎಂಬುದು ಚಹದಲ್ಲಿ ಸೊಪ್ಪು ಕಂಡ ಎಲ್ಲರಿಗೂ ಗೊತ್ತು. ಕೆಟ್ಟ ಜಾಲರಿಗಳನ್ನು ಅಡಿಗೆಯವರಿಂದ ಕೇಳಿ ತಂದು ನೋಡಿದೆ. ಮೂರು ಜಾಲರಿ, ಮೂರೂ ಹರಿದದ್ದು ಒಂದೇ ಜಾಗದಲ್ಲಿ, ಅಂಚಿನಲ್ಲಿ. ನಡುಭಾಗ ಹೊಸದರಂತೆಯೇ ಇತ್ತು. ಕಾರಣ ಸ್ಪಷ್ಟ. ಯಂತ್ರ ಬಲೆಯನ್ನು ಬಟ್ಟೆಯ ಥಾನಿನಂತೆ ಚಪ್ಪಟೆಯಾಗಿ, ಮೈಲುದ್ದ ಹೆಣೆಯುತ್ತದೆ. ಅದರಲ್ಲಿ ದುಂಡನೆಯ ತುಂಡನ್ನು ಕತ್ತರಿಸಿ, ಒತ್ತಿ ಗುಳಿ ಮಾಡಿ, ಒಂದು ಬಳೆಯ ನಡುವೆ ಸಿಕ್ಕಿಸುತ್ತಾರೆ. ಕತ್ತರಿಸಿದಲ್ಲೆಲ್ಲ ತಂತಿಗೆ ತುದಿ ಹುಟ್ಟುತ್ತದೆ. ನೂರಾರು ತುದಿಗಳನ್ನು ಒಂದು ಬಳೆ ಬಿಗಿಹಿಡಿದು ಕುಳಿತಿರಬೇಕು. ದಿನವೂ ಬಡಿದು ಕೊಡಹುವವರ ಕೈಯಲ್ಲಿ ಅದು ಎಷ್ಟು ದಿನ ಹಿಡಿದೀತು? ಕ್ಯೋಟೋದ ಸೌಟಿನಲ್ಲಿ ಕತ್ತರಿಸಿ ಹೊಂದಿಸುವ ಮಾತೇ ಇಲ್ಲ. ದುಂಡಗಿನ ವಸ್ತುವನ್ನು ದುಂಡಗೆಯೇ ಹೆಣೆಯುತ್ತಾರೆ. ನಡುವಿನಲ್ಲಿ ಹೊರಟ ತಂತಿ ಅಂಚಿನ ಚೌಕಟ್ಟಿಗೆ ಬಂದು ಅದನ್ನು ಸುತ್ತಿಕೊಂಡು ನಿಲ್ಲುತ್ತದೆ. ಯಂತ್ರಕ್ಕೆ ಬಲೆ ಗೊತ್ತು, ಸೌಟು ಗೊತ್ತಿಲ್ಲ. ಕೈ ಮೊದಲಿನಿಂದಲೂ ಸೌಟನ್ನೇ ಮಾಡುತ್ತಿರುತ್ತದೆ. ಎರಡಕ್ಕೂ ಇರುವ ನಿಜವಾದ ಅಂತರ ಇದು. ಇದರಲ್ಲಿ ಭಾವುಕತೆಗೆ ಅವಕಾಶವಿಲ್ಲ.

ಆದರೆ ಇಲ್ಲಿಗೇ ನಿಲ್ಲಿಸಿದರೆ ನಾನೂ ಚರಕದ ಮಿತ್ರರಂತೆ ಅರ್ಧ ಸತ್ಯ ಹೇಳಿದಂತಾಗುತ್ತದೆ. ಮಿಕ್ಕರ್ಧ ಬೆಲೆಯಲ್ಲಿದೆ. ಜಪಾನಿನ ಪೇಟೆಗಳಲ್ಲಿ ೧೦೦ ಯೆನ್ ಅಂಗಡಿಗಳೆಂಬುವು ಇವೆ. ಅಲ್ಲಿ ಚಹದ ಜಾಲರಿ ನೂರು ಯೆನ್ನಿಗೆ ಸಿಗುತ್ತದೆ. ಕೈಯಲ್ಲಿ ಹೆಣೆದದ್ದಕ್ಕೆ ಹಲವು ಸಾವಿರ ಯೆನ್ ಕೊಡಬೇಕು. ನಮ್ಮ ಭೋಜನಶಾಲೆಯ ಲೆಕ್ಕ ನೋಡಿಕೊಳ್ಳುವವರು ಯಾವುದನ್ನು ಕೊಳ್ಳುತ್ತಾರೆ? ಅವರನ್ನು ದೂಷಿಸುವ ಹಕ್ಕು ನಮ್ಮಲ್ಲಿ ಯಾರಿಗಿದೆ? ಶುಲ್ಕ ಹತ್ತು ರೂಪಾಯಿ ಹೆಚ್ಚಿದರೆ ಮೊದಲು ಕೂಗುವವರು ನಾವೇ.

ಈ ಪ್ರಶ್ನೆ ಜಪಾನಿನ ಒಬ್ಬ ದೊಡ್ಡ ವಿಚಾರವಂತರಿಗೂ ತೊಡಕಾಗಿಯೇ ಉಳಿಯಿತು. ಯನಾಗಿ ಸೋಎತ್ಸು ಎಂಬವರು (೧೮೮೯–೧೯೬೧) ಗೆಳೆಯರಾದ ಕುಂಬಾರ ಕಲಾವಿದರು ಹಮಾದ ಷೋಜಿ ಮತ್ತು ಕವಾಯಿ ಕಾನ್‌ಜಿರೋ ಅವರೊಡನೆ ೧೯೨೫ರಲ್ಲಿ 'ಮಿಂಗೈ' ಎಂಬ ಹೊಸ ಶಬ್ದವನ್ನೇ ಟಂಕಿಸಿದರು. ಜನಸಾಮಾನ್ಯರ ಕುಶಲಕಲೆ ಎಂದು ಅದರ ಅರ್ಥ. ೧೯೩೬ರಲ್ಲಿ ಟೋಕಿಯೋದಲ್ಲಿ ಅದಕ್ಕಾಗಿ ಒಂದು ವಸ್ತುಸಂಗ್ರಹಾಲಯವೂ ತೆರೆಯಿತು. ಅವರು ಮೆಚ್ಚಿದ್ದು ಹೆಸರಿಲ್ಲದ ಕೆಲಸಗಾರರು, ದಿನಬಳಕೆಗಾಗಿ, ಬಹುಸಂಖ್ಯೆಯಲ್ಲಿ, ಬಡವರೂ ಕೊಳ್ಳಬಲ್ಲ ಬೆಲೆಗೆ ಮಾಡಿದ ವಸ್ತುಗಳನ್ನು. ಎಂಥ ಉದಾತ್ತವಾದ ದೃಷ್ಟಿ! ಆದರೆ ತಂತಿಯ ಸೌಟನ್ನು ಈ ಒರೆಗಲ್ಲಿಗೆ ಹಚ್ಚಿ ನೋಡಿ. ದಿನಬಳಕೆಯ ವಸ್ತು ಹೌದು. ಬಡವರು ಕೊಳ್ಳಬಲ್ಲದ್ದೇ? ಈಗ ಅಲ್ಲ. ಯನಾಗಿಯವರು ಹೇಳಿದ ಗುಣಗಳಲ್ಲಿ ಅಗ್ಗದ ಬೆಲೆಯೆಂಬುದನ್ನು ಯಂತ್ರ ಪೂರ್ಣವಾಗಿ ಕಿತ್ತುಕೊಂಡಿದೆ. ಉಳಿದವು ಕೈಯ ಬಳಿ ಇವೆ. ಮಿಂಗೈ ಪಂಥದವರನ್ನು ಎಷ್ಟೇ ಗೌರವಿಸಿದರೂ, ಅವರ ಸಿದ್ಧಾಂತ ಇಲ್ಲಿ ಕುಂಟುತ್ತದೆ ಎಂದೇ ನನ್ನ ಅಭಿಪ್ರಾಯ.

ಸರ್ಕಾರ ಕಾಪಾಡಬಹುದಲ್ಲ ಎಂದು ಕೇಳುವವರುಂಟು. ಜಪಾನ್ ಸರ್ಕಾರ ಕೈಕಟ್ಟಿ ಕುಳಿತಿಲ್ಲ. ಪರಂಪರಾಗತ ಕೈಕಸಬುಗಳ ಅಭಿವೃದ್ಧಿಗೆಂದು ೧೯೭೪ರಲ್ಲಿ ಅಲ್ಲಿ ಒಂದು ಶಾಸನವಾಯಿತು. ವಸ್ತು ದಿನನಿತ್ಯದ ಬಳಕೆಯದಾಗಿರಬೇಕು, ಮುಖ್ಯ ಕೆಲಸವೆಲ್ಲ ಕೈಯಲ್ಲಿ ನಡೆಯಬೇಕು, ವಿಧಾನವೂ ಸಾಮಗ್ರಿಯೂ ನೂರು ವರ್ಷ ಹಳೆಯವಾಗಿರಬೇಕು ಎಂಬುವು ಅದರ ನಿಬಂಧನೆಗಳು. ತಂತಿಯ ಕಸಬಿಗೆ ಇವುಗಳಲ್ಲಿ ಯಾವುದೂ ಅಡ್ಡಿಯಲ್ಲ. ಆದರೆ ಇನ್ನೊಂದು ನಿಬಂಧನೆ ಇದೆ: ಒಂದು ಪ್ರದೇಶದಲ್ಲಿ ಆ ಕಸಬಿನವರು ಗಣನೀಯ ಸಂಖ್ಯೆಯಲ್ಲಿರಬೇಕು; ಸುಮಾರು ಹತ್ತು ಕಾರ್ಯಾಗಾರಗಳು ಅಥವಾ ಮೂವತ್ತು ಮಂದಿ ಕೆಲಸಗಾರರು ಎಂಬುದು ಲೆಕ್ಕ. ರಾಷ್ಟ್ರೀಯ ಪಟ್ಟಿಯಲ್ಲಿ ೨೪೦ಕ್ಕೂ ಹೆಚ್ಚು ಕಸಬುಗಳಿವೆ, ಕ್ಯೋಟೋದವೇ ೧೭. ನಿಷಿಜಿನ್ ರೇಷ್ಮೆ ಇದೆ, ಕಿಯೋಮಿಜು ಪಿಂಗಾಣಿ ಇದೆ, ಬೀಸಣಿಗೆಯೂ ಗೊಂಬೆಯೂ ಇವೆ. ತಂತಿಯ ಬಲೆ ಇಲ್ಲ. ಕ್ಯೋಟೋ ನಗರಸಭೆ ತನ್ನದೇ ಆದ ೭೪ ಕಸಬುಗಳ ಪಟ್ಟಿಯಲ್ಲಿ ಅದಕ್ಕೆ ಜಾಗ ಕೊಟ್ಟಿದೆ. ಅಷ್ಟರಮಟ್ಟಿಗೆ ನಗರಸಭೆಯ ಕಣ್ಣು ಸೂಕ್ಷ್ಮ ಎನ್ನಬೇಕು.

ತಲೆ ಎಣಿಸುವ ನಿಯಮದ ವಿಷಯದಲ್ಲಿ ನನ್ನದೊಂದು ಆಕ್ಷೇಪವಿದೆ. ಕಸಬು ಬಲವಾಗಿದ್ದು ನೂರಾರು ಮಂದಿ ಅದರಲ್ಲಿದ್ದರೆ ರಾಜ್ಯದ ಮನ್ನಣೆ. ಹತ್ತು ಮನೆಗಿಂತ ಕಡಿಮೆಯಾದರೆ ಮನ್ನಣೆಯಿಲ್ಲ. ರೋಗಿ ಸ್ವಲ್ಪ ಗುಣವಾದ ಮೇಲೆ ಬಂದರೆ ಔಷಧ ಕೊಡುತ್ತೇವೆಂದು ಹೇಳಿದಂತೆ ಇದು. ಶಾಸನ ಮಾಡಿದವರ ಉದ್ದೇಶ ಒಂದು ಪ್ರದೇಶದ ಉದ್ಯಮವನ್ನು ಬೆಳೆಸುವುದಿರಬಹುದು. ಉದ್ಯಮವೆಂದರೆ ಸಂಖ್ಯೆ ಬೇಕೇ ಬೇಕು ಎಂದು ಅರ್ಥಶಾಸ್ತ್ರದ ಮಿತ್ರರು ನನ್ನನ್ನು ತಿದ್ದಬಹುದು. ತಿದ್ದಲಿ. ಆದರೂ ಒಂದು ಪರಂಪರೆಯ ಕೊನೆಯ ಕೊಂಡಿ ಇಬ್ಬರು ಮೂವರ ಬೆರಳಿನಲ್ಲಿರುವಾಗಲೇ ಅದಕ್ಕೆ ಹೆಚ್ಚು ನೆರಳು ಬೇಕೆಂಬುದು ಸಾಮಾನ್ಯ ಬುದ್ಧಿಗೆ ತೋರುವ ಮಾತು.

ಹಾಗೆಂದು ಅದನ್ನು ಗಾಜಿನ ಪೆಟ್ಟಿಗೆಯಲ್ಲಿಡುವುದೂ ನನಗೆ ಒಪ್ಪಿಗೆಯಿಲ್ಲ. ಪೆಟ್ಟಿಗೆಯಲ್ಲಿ ಉಳಿಯುವುದು ಸೌಟು. ಹೆಣೆಯುವ ಬೆರಳು ಉಳಿಯುವುದಿಲ್ಲ. ಇದನ್ನು ಜಪಾನಿಯರಿಗಿಂತ ಚೆನ್ನಾಗಿ ಅರಿತವರು ಯಾರು? ಇಸೆ ಎಂಬ ಕ್ಷೇತ್ರದ ಮಹಾಮಂದಿರವನ್ನು ಅವರು ಇಪ್ಪತ್ತು ವರ್ಷಕ್ಕೊಮ್ಮೆ ಪಕ್ಕದ ನಿವೇಶನದಲ್ಲಿ ಪೂರ್ತಿಯಾಗಿ ಹೊಸದಾಗಿ ಕಟ್ಟುತ್ತಾರೆ. ೨೦೧೩ರಲ್ಲಿ ಕಟ್ಟಿದ್ದು ಅರವತ್ತೆರಡನೆಯ ಬಾರಿಯದು. ಮರ ಹೊಸದು, ಕಟ್ಟುವ ವಿದ್ಯೆ ಹಳೆಯದು. ಒಂದು ಬಾರಿ ಸುತ್ತಿಗೆ ಹಿಡಿದ ಹುಡುಗ ಮುಂದಿನ ಬಾರಿ ಮೇಸ್ತ್ರಿಯಾಗಿ ನಿಲ್ಲುತ್ತಾನೆ. ತಂತಿಯ ಸೌಟಿಗೆ ಇಸೆಯ ಮಂದಿರದಂತೆ ಉತ್ಸವವಿಲ್ಲ. ಅದನ್ನು ಮತ್ತೆ ಮತ್ತೆ ಮಾಡಿಸಬೇಕಾದವರು ದಿನವೂ ತೋಫು ಬೇಯಿಸುವ ಜನ.

ಆ ಜನವೂ ಬದಲಾಗುತ್ತಿದ್ದಾರೆ ಎಂಬುದೇ ಸಂಕಟ. ೧೯೬೦ರ ಸುಮಾರಿಗೆ ಜಪಾನಿನಲ್ಲಿ ತೋಫು ತಯಾರಿಸುವ ಅಂಗಡಿಗಳು ಐವತ್ತು ಸಾವಿರದಷ್ಟಿದ್ದುವು. ಈಗ ಅದರ ಹತ್ತನೆಯ ಒಂದು ಪಾಲು. ತೋಫು ಕಾರ್ಖಾನೆಯಿಂದ ಪೊಟ್ಟಣದಲ್ಲಿ ಬರುತ್ತದೆ. ಬೀದಿಯ ಅಂಗಡಿ ಮುಚ್ಚಿದಾಗ ಅಲ್ಲಿಯ ಸೌಟೂ ಮೂಲೆ ಸೇರುತ್ತದೆ. ಅದರ ಜಾಗಕ್ಕೆ ಇನ್ನೊಂದನ್ನು ಯಾರೂ ಕೊಳ್ಳುವುದಿಲ್ಲ.

ಕಸಬಿನವರು ಅಳುತ್ತ ಕೂರಲಿಲ್ಲವೆಂಬುದು ಮೆಚ್ಚಬೇಕಾದ ವಿಷಯ. ಕ್ಯೋಟೋದ ಹಿಗಷಿಯಾಮ ಭಾಗದಲ್ಲಿ, ಕೊಡೈಜಿ ದೇವಾಲಯದ ಬಳಿ, 'ಕನಅಮಿ ತ್ಸುಜಿ' ಎಂಬ ಅಂಗಡಿಯಿದೆ. ತಂದೆ ತ್ಸುಜಿ ಕೆನಿಚಿ, ಮಗ ತ್ಸುಜಿ ತೋರು. ತೋಫುವಿನ ಸೌಟಿನ ಜೊತೆಗೆ ಅವರು ರೊಟ್ಟಿ ಸುಡುವ ಬಲೆಯನ್ನೂ ಕಾಫಿ ಸೋಸುವ ತಾಮ್ರದ ಬುಟ್ಟಿಯನ್ನೂ ಮಾಡುತ್ತಾರೆ. ಕಾಫಿ ಅವರ ತಾತಂದಿರ ಪಾನೀಯವಲ್ಲ. ಆದರೆ ಆಮೆಯ ಚಿಪ್ಪಿಗೆ ಯಾವ ಪಾನೀಯವಾದರೇನು? ಮಗನಾದ ತೋರು ೨೦೧೨ರಲ್ಲಿ ಕ್ಯೋಟೋದ ಇತರ ಹಳೆಯ ಮನೆತನಗಳ ಯುವಕರೊಡನೆ 'ಗೋ ಆನ್' ಎಂಬ ಕೂಟವನ್ನು ಸೇರಿದರು. ಅದರಲ್ಲಿ ನಿಷಿಜಿನ್ ರೇಷ್ಮೆಯ ಹೊಸೋ ಮನೆತನವಿದೆ, ೧೮೭೫ರಿಂದ ಚಹದ ಡಬ್ಬಿ ಮಾಡುತ್ತಿರುವ ಕೈಕಾಡೋ ಇದೆ, ಮಡಕೆ, ಮರ, ಬಿದಿರಿನವರೂ ಇದ್ದಾರೆ. ಪರದೇಶದ ವಿನ್ಯಾಸಕಾರರೊಡನೆ ಸೇರಿ ಹೊಸ ವಸ್ತುಗಳನ್ನು ಮಾಡುವುದು ಅವರ ಪದ್ಧತಿ. ಇದರಿಂದ ಪರಂಪರೆ ಕೆಟ್ಟಿತೆಂದು ಮೂಗು ಮುರಿಯುವವರು ಇರಬಹುದು. ನಾನು ಆ ಗುಂಪಿನಲ್ಲಿಲ್ಲ. ಕಾಫಿಯ ಬುಟ್ಟಿ ದೀಪದ ಹೊದಿಕೆಯಾಗಿಬಿಟ್ಟರೆ ಮಾತ್ರ ನನಗೆ ಸಂದೇಹ ಮೂಡುತ್ತದೆ. ನೋಡುವುದಕ್ಕೆ ಮಾತ್ರ ಇರುವ ವಸ್ತುವಿನಲ್ಲಿ ಬೆರಳು ಸೋಮಾರಿಯಾಗುತ್ತದೆ. ತಂತಿ ಕೊಂಚ ಓರೆಯಾದರೂ ನೆರಳು ಚೆಲುವಾಗಿಯೇ ಬೀಳುತ್ತದೆ; ತೋಫುವಾದರೋ ಓರೆ ತಂತಿಯ ಮೇಲೆ ಸೀಳಿ ನಿಮ್ಮ ತಪ್ಪನ್ನು ಕೂಡಲೇ ಹೇಳುತ್ತದೆ. ತೋಫುವಿನಂಥ ಪರೀಕ್ಷಕರು ನಮ್ಮ ವಿಶ್ವವಿದ್ಯಾನಿಲಯದಲ್ಲಿಯೂ ಇಲ್ಲ.

ಹೀಗಾಗಿ ಚರ್ಚಾಕೂಟದಲ್ಲಿ ಆ ವಿಷಯ ಮತ್ತೊಮ್ಮೆ ಬಂದರೆ ನಾನು ಯಾವ ಪಕ್ಷದಲ್ಲಿ ಕೂರಬೇಕೋ ತಿಳಿಯದು. ಕೋಳಿಗೂಡಿಗೆ ಕೈಯಲ್ಲಿ ಬಲೆ ಹೆಣೆಯಿರೆಂದು ಹೇಳಲಾರೆ. ಅದು ಮನುಷ್ಯನ ಆಯುಸ್ಸಿಗೆ ಮಾಡುವ ಅವಮಾನ. ನೂರು ಯೆನ್ನಿನ ಜಾಲರಿ ಕೊಳ್ಳುವ ಗೃಹಿಣಿಯನ್ನು ಅರಸಿಕಳೆನ್ನಲಾರೆ. ಆದರೆ ಹತ್ತು ಸಾರಿ ನೂರು ಯೆನ್ ಕೊಟ್ಟು ಹತ್ತು ಹರಿದ ಜಾಲರಿಗಳನ್ನು ಕಸಕ್ಕೆ ಎಸೆದವರು, ಒಂದೇ ಸಾರಿ ಕೊಡುವ ಬೆಲೆಯನ್ನು ದುಬಾರಿಯೆಂದು ಕರೆಯುವ ಮುನ್ನ ಒಂದು ಕಾಗದದ ಮೇಲೆ ಕೂಡಿ ಕಳೆದು ನೋಡಬೇಕೆಂದು ಕೇಳಿಕೊಳ್ಳುತ್ತೇನೆ. ಆ ಕಾಗದದಲ್ಲಿ ತಂತಿ ತಿರುಚಿ ದಪ್ಪಗಾದ ಬೆರಳಿನ ಕೂಲಿಯನ್ನೂ ಬರೆದುಕೊಳ್ಳಬೇಕು. ಲೆಕ್ಕ ಎಲ್ಲರಿಗೂ ಒಂದೇ ರೀತಿ ಬರಲಾರದು. ನಮ್ಮ ಭೋಜನಶಾಲೆಯ ಲೆಕ್ಕವಂತೂ ನನ್ನ ಪರವಾಗಿ ಬಂದಿಲ್ಲ.

ಹೋದ ವಾರ ಅಲ್ಲಿಗೆ ನಾಲ್ಕನೆಯ ಜಾಲರಿ ಬಂದಿದೆ. ಥಳಥಳ ಹೊಳೆಯುತ್ತಿದೆ. ಅಡಿಗೆಯವರು ಅದನ್ನು ಹಂಡೆಯ ಅಂಚಿಗೆ ಬಡಿದು ಸೊಪ್ಪು ಕೊಡಹುತ್ತಿದ್ದರು. "ಸ್ವಲ್ಪ ಮೆಲ್ಲಗೆ ಬಡಿಯಿರಿ, ಅಂಚು ಬಿಡುತ್ತದೆ" ಎಂದೆ. "ಬಿಟ್ಟರೆ ಬಿಡಲಿ ತಗೊಳ್ಳಿ, ಇನ್ನೊಂದು ತಂದರಾಯಿತು" ಎಂದು ನನ್ನ ಲೋಟಕ್ಕೆ ಚಹ ಬಗ್ಗಿಸಿದರು.